ಉರಗಧರ 70: ಮದರಾಸು ವೀಕ್ಷಣಾಲಯದ ಗ್ರಹಶೋಧವನ್ನು ಕುರಿತ ಒಂದು ಮರುವಿಮರ್ಶೆ

ಸೂರ್ಯನಲ್ಲದ ಬೇರೊಂದು ನಕ್ಷತ್ರವನ್ನು ಸುತ್ತುವ ಗ್ರಹಗಳ ಇತಿಹಾಸವನ್ನು 1990ರ ದಶಕದಿಂದ ಆರಂಭಿಸುವುದು ರೂಢಿ. 1992ರಲ್ಲಿ ಅಲೆಕ್ಸಾಂಡರ್ ವೋಲ್ಷ್ಚಾನ್ ಮತ್ತು ಡೇಲ್ ಫ್ರೇಲ್ ಅವರು ಒಂದು ಪಲ್ಸಾರಿನ ಸುತ್ತ ಗ್ರಹಗಳಿರುವುದನ್ನು ತೋರಿಸಿದರು. 1995ರ ಅಕ್ಟೋಬರಿನಲ್ಲಿ ಮಿಶೆಲ್ ಮೇಯರ್ ಮತ್ತು ದಿದಿಯೆ ಕೆಲೋ ಅವರು ಸೂರ್ಯನಂತಹುದೇ ಆದ 51 ಪೆಗಾಸಿ ಎಂಬ ನಕ್ಷತ್ರವನ್ನು ಕೇವಲ ನಾಲ್ಕು ಚಿಲ್ಲರೆ ದಿನಗಳಲ್ಲಿ ಸುತ್ತಿಬರುವ ಗ್ರಹವೊಂದನ್ನು ಪ್ರಕಟಪಡಿಸಿದರು. ಈ ಶೋಧಕ್ಕೆ 2019ರ ನೊಬೆಲ್ ಪ್ರಶಸ್ತಿಯ ಅರ್ಧಭಾಗ ಸಂದಿತು. ಇವು ದೃಢಪಟ್ಟ ಶೋಧಗಳ ಇತಿಹಾಸದ ಮೈಲಿಗಲ್ಲುಗಳು, ನಿಜ. ಆದರೆ ಶೋಧದ ಇತಿಹಾಸ ಬೇರೆ, ಶೋಧಿಸುವ ಪ್ರಯತ್ನದ ಇತಿಹಾಸ ಬೇರೆ. ಎರಡನೆಯದು ಮೊದಲನೆಯದಕ್ಕಿಂತ ಸುಮಾರು ನೂರನಲವತ್ತು ವರ್ಷಗಳಷ್ಟು ಹಳೆಯದು. ಅದರ ಆರಂಭವನ್ನು ಹುಡುಕಿ ಹೊರಟರೆ ಯೂರೋಪಿನ ಯಾವುದೇ ರಾಜಧಾನಿಯನ್ನಲ್ಲ, ಮದರಾಸಿನ ನುಂಗಂಬಾಕ್ಕಮ್ಮನ್ನು ತಲುಪಬೇಕಾಗುತ್ತದೆ. 1855ರಲ್ಲಿ ಮದರಾಸು ವೀಕ್ಷಣಾಲಯದ ನಿರ್ದೇಶಕರಾಗಿದ್ದ ಕ್ಯಾಪ್ಟನ್ ವಿಲಿಯಂ ಸ್ಟೀಫನ್ ಜೇಕಬ್ ಅವರು ಲಂಡನ್ನಿನ ರಾಯಲ್ ಆಸ್ಟ್ರನಾಮಿಕಲ್ ಸೊಸೈಟಿಯ ಪತ್ರಿಕೆಯಲ್ಲಿ ಪ್ರಕಟಿಸಿದ ಒಂದು ಕಿರುಲೇಖನದಲ್ಲಿ, ಉರಗಧರ ರಾಶಿಯ 70ನೆಯ ನಕ್ಷತ್ರದ ಚಲನೆಯಲ್ಲಿ ಕಂಡುಬರುವ ವ್ಯತ್ಯಾಸಗಳಿಗೆ ಕಣ್ಣಿಗೆ ಕಾಣದ ಗ್ರಹವೊಂದು ಕಾರಣವಾಗಿರುವ ಸಂಭವ ಹೆಚ್ಚೆಂದು ಸೂಚಿಸಿದ್ದರು. ವೀಕ್ಷಣೆ ಮತ್ತು ಗಣಿತಗಳನ್ನು ಆಧರಿಸಿ ಸೌರೇತರ ಗ್ರಹವೊಂದರ ಇರವನ್ನು ಪ್ರತಿಪಾದಿಸಿದ ಮೊದಲ ಬರಹವೆಂದು ಇದನ್ನು ಗುರುತಿಸುವುದುಂಟು.

ಜೇಕಬ್ ಅವರ ಗ್ರಹ ಇಲ್ಲವೆಂಬುದು ಈಗ ನಿರ್ವಿವಾದ. ಹಾಗಿರುವಾಗ ಆ ಲೇಖನಕ್ಕೆ ಇತಿಹಾಸದಲ್ಲಿ ಯಾವ ಸ್ಥಾನವನ್ನು ಕೊಡಬೇಕು? ಅದನ್ನು ತಪ್ಪುಗಳ ಪಟ್ಟಿಗೆ ಸೇರಿಸಿ ಮುಂದೆ ಹೋಗಬೇಕೇ, ಇಲ್ಲವೇ ಮೊದಲ ಸೌರೇತರ ಗ್ರಹ ನಮ್ಮ ನೆಲದಲ್ಲೇ ಪತ್ತೆಯಾಯಿತೆಂದು ಹೆಮ್ಮೆಪಡಬೇಕೇ? ಈ ಎರಡು ನಿಲುವುಗಳೂ ಆ ಲೇಖನವನ್ನು ಅದರ ಕಾಲದಲ್ಲಿ ಇಟ್ಟು ನೋಡುವುದಿಲ್ಲ.

ಮೊದಲು ನಕ್ಷತ್ರದ ವಿಚಾರ. ಉರಗಧರ ರಾಶಿಯಲ್ಲಿ, ಖಗೋಳ ವಿಷುವದ್ವೃತ್ತಕ್ಕೆ ತೀರ ಸಮೀಪದಲ್ಲಿರುವ ಈ ತಾರೆ ಬರಿಗಣ್ಣಿಗೆ ಮಸುಕಾಗಿ ಕಾಣುತ್ತದೆ. ದೂರ ಸುಮಾರು ಹದಿನಾರೂವರೆ ಜ್ಯೋತಿರ್ವರ್ಷ. ನಕ್ಷತ್ರಗಳ ಲೆಕ್ಕದಲ್ಲಿ ಇದು ನೆರೆಮನೆಯೇ ಸರಿ. ಬರಿಗಣ್ಣಿಗೆ ಒಂದಾಗಿ ಕಂಡರೂ ಇದು ನಿಜಕ್ಕೂ ಎರಡು ನಕ್ಷತ್ರಗಳ ಕುಟುಂಬವೆಂಬುದನ್ನು ವಿಲಿಯಂ ಹರ್ಷೆಲ್ ಅವರು 1779ರಲ್ಲಿ ಗುರುತಿಸಿದರು. ಸೂರ್ಯನಿಗಿಂತ ತುಸು ಚಿಕ್ಕವೂ ಕೆಂಪುಮಿಶ್ರಿತ ಹಳದಿ ಬಣ್ಣದವೂ ಆದ ಈ ಎರಡು ತಾರೆಗಳು ತಮ್ಮ ಸಾಮಾನ್ಯ ಗುರುತ್ವಕೇಂದ್ರದ ಸುತ್ತ 88 ವರ್ಷಗಳಿಗೊಮ್ಮೆ ತಿರುಗುತ್ತವೆ. ಅವುಗಳ ನಡುವಣ ಸರಾಸರಿ ಅಂತರ ಭೂಮಿ-ಸೂರ್ಯರ ಅಂತರದ ಸುಮಾರು 23 ಪಟ್ಟು. ಕಕ್ಷೆ ಬಹಳ ಉದ್ದನೆಯ ದೀರ್ಘವೃತ್ತವಾದ್ದರಿಂದ ಈ ಅಂತರ ಒಮ್ಮೆ ಅರ್ಧಕ್ಕೆ ಇಳಿದು, ಮತ್ತೊಮ್ಮೆ ಒಂದೂವರೆ ಪಟ್ಟಿಗೆ ಏರುತ್ತದೆ. ಭೂಮಿಯಿಂದ ನೋಡುವವರಿಗೆ ಈ ಎಲ್ಲ ಚಲನೆ ಕೆಲವೇ ವಿಕಲೆಗಳಷ್ಟು ಪುಟ್ಟ ಅಂಗಳದಲ್ಲಿ ನಡೆಯುತ್ತದೆ. ಒಂದು ಡಿಗ್ರಿಯ 3600ನೆಯ ಒಂದು ಭಾಗವೇ ವಿಕಲೆ.

ಮದರಾಸು ವೀಕ್ಷಣಾಲಯ ಹುಟ್ಟಿದ್ದು ಯಮಳ ನಕ್ಷತ್ರಗಳಿಗಾಗಿ ಅಲ್ಲ. ಈಸ್ಟ್ ಇಂಡಿಯಾ ಕಂಪೆನಿಯ ಅಧಿಕಾರಿ ವಿಲಿಯಂ ಪೆಟ್ರಿ ಅವರು 1786ರಲ್ಲಿ ಎಗ್ಮೋರಿನಲ್ಲಿ ಸ್ವಂತ ಆಸಕ್ತಿಯಿಂದ ಕಟ್ಟಿಕೊಂಡಿದ್ದ ಸಣ್ಣ ವೀಕ್ಷಣಾಲಯವನ್ನು ಕಂಪೆನಿ ವಹಿಸಿಕೊಂಡು 1792ರಲ್ಲಿ ನುಂಗಂಬಾಕ್ಕಮ್ಮಿನ ಹೊಸ ಕಟ್ಟಡಕ್ಕೆ ಸ್ಥಳಾಂತರಿಸಿತು. ಉಪಕರಣವನ್ನು ಹೊರಲು ಅಲ್ಲಿ ನಿಲ್ಲಿಸಿದ ಭಾರಿ ಕಲ್ಲುಕಂಬ ಇಂದಿಗೂ ಉಳಿದಿದೆ. ಹಡಗುಗಳ ಸಂಚಾರಕ್ಕೆ, ಭೂಮಾಪನಕ್ಕೆ, ಗಡಿಯಾರಗಳನ್ನು ಸರಿಪಡಿಸುವುದಕ್ಕೆ ಬೇಕಾದ ಅಕ್ಷಾಂಶ-ರೇಖಾಂಶ ಹಾಗೂ ಕಾಲನಿರ್ಣಯವೇ ವೀಕ್ಷಣಾಲಯದ ಕರ್ತವ್ಯವಾಗಿತ್ತು. ದಕ್ಷಿಣ ಭಾರತದ ಮಹಾ ತ್ರಿಕೋನಮಿತೀಯ ಸರ್ವೇಕ್ಷಣೆ ತನ್ನ ರೇಖಾಂಶಗಳಿಗೆ ಮದರಾಸನ್ನೇ ಆಧಾರವಾಗಿ ಹಿಡಿದಿತ್ತು. ಆಡಳಿತದ ಅಗತ್ಯಕ್ಕಾಗಿ ಹುಟ್ಟಿದ ಈ ಸಂಸ್ಥೆ ವಿಜ್ಞಾನದ ಕಡೆಗೆ ತಿರುಗಿದ್ದು ನಿರ್ದೇಶಕರ ವೈಯಕ್ತಿಕ ಉತ್ಸಾಹದಿಂದ. ಥಾಮಸ್ ಗ್ಲಾನ್‌ವಿಲ್ ಟೇಲರ್ ಅವರು 11,015 ನಕ್ಷತ್ರಗಳ ಸ್ಥಾನಗಳನ್ನು ಪಟ್ಟಿಮಾಡಿ 1844ರಲ್ಲಿ ಹೊರತಂದ ಮದರಾಸು ನಕ್ಷತ್ರಸೂಚಿ ಅಂತಹ ಉತ್ಸಾಹದ ಫಲ.

ಟೇಲರ್ ಅವರ ಅನಂತರ ಬಂದವರು ಜೇಕಬ್. 1813ರಲ್ಲಿ ಇಂಗ್ಲೆಂಡಿನ ಸಾಮರ್ಸೆಟ್ ಪ್ರಾಂತದಲ್ಲಿ ಜನಿಸಿದ ಅವರು ಬೊಂಬಾಯಿ ಇಂಜಿನಿಯರುಗಳ ದಳಕ್ಕೆ ಸೇರಿ ಮಹಾ ಸರ್ವೇಕ್ಷಣೆಯಲ್ಲಿ ದುಡಿದವರು. ಕೋನಗಳನ್ನು ಅಳೆಯುವುದರಲ್ಲಿ ಅವರ ಕೈ ಪಳಗಿದ್ದು ಅಲ್ಲಿಯೇ. 1840ರ ದಶಕದ ಆರಂಭದಲ್ಲಿ ಪುಣೆಯಲ್ಲಿ ಸ್ವಂತ ವೀಕ್ಷಣಾಲಯವೊಂದನ್ನು ಕಟ್ಟಿಕೊಂಡು ಯಮಳ ನಕ್ಷತ್ರಗಳನ್ನು ಅಳೆಯತೊಡಗಿದರು. ವೃಶ್ಚಿಕ ರಾಶಿಯ ನ್ಯೂ ನಕ್ಷತ್ರದ ಮಸುಕಾದ ಜೊತೆಗಾರ ತಾನೂ ಒಂದು ಜೋಡಿಯೆಂಬುದನ್ನು ಅಲ್ಲಿಂದಲೇ ಗುರುತಿಸಿದ್ದರು. 1849ರಲ್ಲಿ ಮದರಾಸಿನ ಹೊಣೆ ಹೊತ್ತ ಮೇಲೆ ಪ್ಯಾರಿಸಿನ ಲೆರೆಬೂರ್ ಮತ್ತು ಸೆಕ್ರೆತಾಂ ಸಂಸ್ಥೆ ತಯಾರಿಸಿದ, 6.3 ಅಂಗುಲ ವ್ಯಾಸದ ದೂರದರ್ಶಕ ಅವರ ಕೈಗೆ ಬಂತು. ಇಂದಿನ ಹವ್ಯಾಸಿಗಳಲ್ಲಿಯೂ ಇದಕ್ಕಿಂತ ದೊಡ್ಡ ಉಪಕರಣಗಳಿವೆ. ಆದರೆ ಈ ಮಸೂರದಿಂದಲೇ ಜೇಕಬ್ ಅವರು ಶನಿಗ್ರಹದ ಮಸುಕಾದ ಒಳಬಳೆ ಪಾರದರ್ಶಕವೆಂಬುದನ್ನು 1852ರಲ್ಲಿ ಕಂಡುಕೊಂಡರು. ಅವರ ಕಣ್ಣಿನ ಸಾಮರ್ಥ್ಯವನ್ನು ಸಂದೇಹಿಸಲು ಕಾರಣವಿಲ್ಲ.

ಕಾಣದ ಗ್ರಹವೊಂದನ್ನು ಕಲ್ಪಿಸುವ ಧೈರ್ಯ ಅವರಿಗೆ ಬಂದದ್ದಾದರೂ ಎಲ್ಲಿಂದ? ಇದಕ್ಕೆ ಉತ್ತರ ಆ ದಶಕದ ಖಗೋಳವಿಜ್ಞಾನದಲ್ಲಿದೆ. ಯುರೇನಸ್ ಗ್ರಹ ತನ್ನ ಗಣಿತ ಮಾರ್ಗದಿಂದ ಸರಿಯುತ್ತಿದ್ದುದನ್ನು ಆಧಾರವಾಗಿಟ್ಟುಕೊಂಡು ಲೆವೆರಿಯೇ ಅವರು ಕಾಣದ ಗ್ರಹದ ಸ್ಥಾನವನ್ನು ಲೆಕ್ಕಹಾಕಿದ್ದರು. 1846ರ ಸೆಪ್ಟೆಂಬರ್ 23ರ ರಾತ್ರಿ ಬರ್ಲಿನ್ನಿನಲ್ಲಿ ಗಾಲೆ ಅವರು ಆ ದಿಕ್ಕಿಗೆ ದೂರದರ್ಶಕವನ್ನು ತಿರುಗಿಸಿದಾಗ ನೆಪ್ಚೂನ್ ಅಲ್ಲಿತ್ತು. ಅದಕ್ಕೂ ಎರಡು ವರ್ಷ ಮೊದಲು ಬೆಸೆಲ್ ಅವರು ಲುಬ್ಧಕ ಮತ್ತು ಪ್ರೋಸಿಯಾನ್ ನಕ್ಷತ್ರಗಳ ಗತಿ ಅಲೆಯಂತೆ ಓಲಾಡುತ್ತಿರುವುದನ್ನು ತೋರಿಸಿ, ಅವುಗಳಿಗೆ ಕಾಣದ ಸಂಗಾತಿಗಳಿರಬೇಕೆಂದು ವಾದಿಸಿದ್ದರು. ನಿಯಮಿತವಾದ ಗತಿಯಲ್ಲಿ ಏನಾದರೂ ತಪ್ಪಿದರೆ ನಿಯಮವನ್ನು ಸಂಶಯಿಸಬೇಡ, ಕಾಣದ ವಸ್ತುವನ್ನು ಹುಡುಕು ಎಂಬುದು ಆ ಪೀಳಿಗೆ ಕಲಿತ ಪಾಠವಾಗಿತ್ತು. ಉರಗಧರ 70 ಆ ಪಾಠವನ್ನು ಪ್ರಯೋಗಿಸಲು ಹೇಳಿ ಮಾಡಿಸಿದಂತಿತ್ತು. ಅದಾಗಲೇ ಹಲವು ಗಣಿತಜ್ಞರು ಈ ಜೋಡಿಗೆ ಕಕ್ಷೆಗಳನ್ನು ಲೆಕ್ಕಹಾಕಿದ್ದರು. ಯಾವ ಕಕ್ಷೆಯೂ ಎಲ್ಲ ವೀಕ್ಷಣೆಗಳಿಗೆ ಹೊಂದಿಬರುತ್ತಿರಲಿಲ್ಲ.

ಜೇಕಬ್ ಅವರು ತಮ್ಮ ಅಳತೆಗಳನ್ನೂ ಹಿಂದಿನವರ ಅಳತೆಗಳನ್ನೂ ಕಕ್ಷಾಗಣಿತದ ಜೊತೆಗಿಟ್ಟು ಹೋಲಿಸಿದರು. ಕಾಣುವ ಸ್ಥಾನಕ್ಕೂ ಗಣಿತ ಸ್ಥಾನಕ್ಕೂ ಇದ್ದ ವ್ಯತ್ಯಾಸ ಮನಬಂದಂತೆ ಚದರಿರದೆ, ಒಮ್ಮೆ ಈ ಕಡೆ ಒಮ್ಮೆ ಆ ಕಡೆ ಆವರ್ತಿಸುವಂತೆ ತೋರಿತು. ಜೋಡಿಯ ಜೊತೆಗೆ ಗ್ರಹವೊಂದಿದ್ದು ಅದರ ಸೆಳೆತದಿಂದ ನಕ್ಷತ್ರ ಸಣ್ಣ ಸುತ್ತೊಂದನ್ನು ಹಾಕುತ್ತಿದ್ದರೆ ಇಂತಹ ವ್ಯತ್ಯಾಸ ಬರುವುದು ಸಹಜ. ಗಮನಿಸಬೇಕಾದ ಅಂಶವೆಂದರೆ, ಜೇಕಬ್ ಅವರು ಗ್ರಹ ಸಿಕ್ಕಿತೆಂದು ಸಾರಲಿಲ್ಲ. ಹೀಗಿರುವ ಸಂಭವ ಹೆಚ್ಚು, ಇದನ್ನು ಮುಂದಿನ ವೀಕ್ಷಣೆಗಳಿಂದ ಪರೀಕ್ಷಿಸಬೇಕು ಎಂಬ ಧಾಟಿ ಅವರದು.

ತಪ್ಪು ನಡೆದದ್ದು ಎಲ್ಲಿ ಎಂಬುದನ್ನು ಇಂದು ಊಹಿಸುವುದು ಕಷ್ಟವಲ್ಲ. ಇಲ್ಲಿನ ವ್ಯತ್ಯಾಸಗಳು ವಿಕಲೆಯ ಭಿನ್ನಾಂಶಗಳಷ್ಟು ಸೂಕ್ಷ್ಮವಾದವು. ವಿಕಲೆಯ ಹತ್ತನೆಯ ಒಂದು ಭಾಗವೆಂದರೆ ಎರಡೂವರೆ ಸೆಂಟಿಮೀಟರ್ ಅಗಲದ ನಾಣ್ಯವನ್ನು ಐವತ್ತು ಕಿಲೋಮೀಟರ್ ಆಚೆ ಇಟ್ಟು ನೋಡಿದಾಗ ಉಂಟಾಗುವ ಕೋನ. ಸೂಕ್ಷ್ಮಮಾಪಕದ ಎಳೆಗಳನ್ನು ಮಿನುಗುವ ಎರಡು ಚುಕ್ಕೆಗಳ ಮೇಲೆ ಕೂಡಿಸುವಾಗ ಪ್ರತಿಯೊಬ್ಬ ವೀಕ್ಷಕನ ಕಣ್ಣೂ ತನ್ನದೇ ಆದ ಒಲವನ್ನು ತೋರುತ್ತದೆ. ಜೋಡಿಯ ಒಂದು ತಾರೆ ಪ್ರಕಾಶಮಾನವಾಗಿಯೂ ಇನ್ನೊಂದು ಮಸುಕಾಗಿಯೂ ಇದ್ದರಂತೂ ಈ ಒಲವು ಹೆಚ್ಚುತ್ತದೆ. ಹರ್ಷೆಲ್ ಅವರಿಂದ ಹಿಡಿದು ಜೇಕಬ್ ಅವರವರೆಗೆ ಬೇರೆ ಬೇರೆ ಕಣ್ಣುಗಳು, ಬೇರೆ ಬೇರೆ ಉಪಕರಣಗಳು ನೀಡಿದ ಅಂಕಿಗಳನ್ನು ಒಂದೇ ಸಾಲಿನಲ್ಲಿ ಪೋಣಿಸಿದರೆ, ವೀಕ್ಷಕರು ಬದಲಾದಂತೆಲ್ಲ ಹುಟ್ಟುವ ಏರಿಳಿತ ಆಕಾಶದ ಏರಿಳಿತದಂತೆ ಕಾಣಬಹುದು. ಇದಕ್ಕಿಂತ ಮೂಲಭೂತವಾದ ತೊಡಕು ಮತ್ತೊಂದಿದೆ. 1779ರಿಂದ 1855ರವರೆಗೆ ಕಳೆದಿದ್ದವು 76 ವರ್ಷಗಳು ಮಾತ್ರ. ಜೋಡಿಯ ಒಂದು ಪ್ರದಕ್ಷಿಣೆಗೆ ಬೇಕಾದದ್ದು 88 ವರ್ಷ. ಮನುಷ್ಯರ ಕಣ್ಣೆದುರು ಈ ತಾರೆಗಳು ಇನ್ನೂ ಒಂದು ಸುತ್ತನ್ನೂ ಪೂರೈಸಿರಲಿಲ್ಲ! ಪೂರ್ಣ ಕಾಣದ ಕಕ್ಷೆಯ ಗಣಿತವೇ ಸಡಿಲವಾಗಿರುವಾಗ, ಆ ಗಣಿತದಿಂದ ಸರಿದದ್ದೆಲ್ಲವನ್ನೂ ಮೂರನೆಯ ಕಾಯದ ತಲೆಗೆ ಕಟ್ಟುವುದು ಅವಸರದ ತೀರ್ಮಾನವಾಗುತ್ತದೆ. ಯುರೇನಸ್ಸಿನ ಕಕ್ಷೆ ಚೆನ್ನಾಗಿ ಗೊತ್ತಿದ್ದುದರಿಂದ ನೆಪ್ಚೂನ್ ಸಿಕ್ಕಿತು. ಉರಗಧರದ ಜೋಡಿಯ ವಿಷಯದಲ್ಲಿ ಆ ಭದ್ರವಾದ ನೆಲ ಇರಲಿಲ್ಲ.

ತಮ್ಮ ಊಹೆಯ ಗತಿ ಏನಾಯಿತೆಂಬುದನ್ನು ನೋಡಲು ಜೇಕಬ್ ಅವರು ಉಳಿಯಲಿಲ್ಲ. ಅನಾರೋಗ್ಯದಿಂದಾಗಿ 1850ರ ದಶಕದ ಕೊನೆಯಲ್ಲಿ ಮದರಾಸನ್ನು ಬಿಟ್ಟ ಅವರು, ಪುಣೆಯ ಬಳಿ ಬೆಟ್ಟದ ಮೇಲೊಂದು ವೀಕ್ಷಣಾಲಯವನ್ನು ಸ್ಥಾಪಿಸುವ ಯೋಜನೆಯೊಡನೆ 1862ರಲ್ಲಿ ಭಾರತಕ್ಕೆ ಮರಳಿದರು. ಬಂದ ಕೆಲವೇ ದಿನಗಳಲ್ಲಿ, ಆಗಸ್ಟ್ 16ರಂದು, ಪುಣೆಯಲ್ಲಿ ತೀರಿಕೊಂಡರು. ಅದೇ ವರ್ಷದ ಜನವರಿಯಲ್ಲಿ ಅಮೆರಿಕದ ಆಲ್ವನ್ ಗ್ರಹಾಂ ಕ್ಲಾರ್ಕ್ ಅವರು ಲುಬ್ಧಕದ ಕಾಣದ ಸಂಗಾತಿಯನ್ನು ಕಣ್ಣಾರೆ ಕಂಡಿದ್ದರು. ಬೆಸೆಲ್ ಅವರ ತರ್ಕ ಗೆದ್ದಿತ್ತು. ಅದೇ ತರ್ಕವನ್ನು ನೆಚ್ಚಿದ ಜೇಕಬ್ ಅವರ ಊಹೆಯನ್ನೂ ಯಾರೂ ಆಗ ಅಸಂಗತವೆಂದು ತಳ್ಳಿಹಾಕುವಂತಿರಲಿಲ್ಲ.

ಉರಗಧರದ ಗ್ರಹಕ್ಕೆ ಎರಡನೆಯ ಹುಟ್ಟು ದೊರೆತದ್ದು ಅಮೆರಿಕದಲ್ಲಿ, ಥಾಮಸ್ ಜೆಫರ್ಸನ್ ಜಾಕ್ಸನ್ ಸೀ ಅವರಿಂದ. ಷಿಕಾಗೋ ವಿಶ್ವವಿದ್ಯಾಲಯದಲ್ಲಿದ್ದ ಈ ಪ್ರತಿಭಾವಂತ ಹಾಗೂ ಅತಿಯಾದ ಆತ್ಮವಿಶ್ವಾಸದ ಖಗೋಳವಿದರು 1896ರಲ್ಲಿ, ಜೋಡಿಯ ಒಂದು ತಾರೆಯನ್ನು 36 ವರ್ಷಗಳಿಗೊಮ್ಮೆ ಸುತ್ತುವ ಕಪ್ಪು ಕಾಯವೊಂದಿದೆಯೆಂದು 'ಆಸ್ಟ್ರನಾಮಿಕಲ್ ಜರ್ನಲ್'ನಲ್ಲಿ ಪ್ರತಿಪಾದಿಸಿದರು. ಜೇಕಬ್ ಅವರಲ್ಲಿದ್ದ ಹಿಂಜರಿಕೆ ಸೀ ಅವರಲ್ಲಿರಲಿಲ್ಲ. ಇದಕ್ಕೆ ಉತ್ತರ ಬಂದದ್ದು ದೂರದರ್ಶಕದಿಂದ ಅಲ್ಲ, ಕಾಗದದ ಮೇಲಿನ ಗಣಿತದಿಂದ. ಅದೇ ಷಿಕಾಗೋದ ಫಾರೆಸ್ಟ್ ರೇ ಮೋಲ್ಟನ್ ಎಂಬ ತರುಣ 1899ರಲ್ಲಿ, ಸೀ ಅವರು ವರ್ಣಿಸಿದಂತಹ ಮೂರು ಕಾಯಗಳ ವ್ಯವಸ್ಥೆ ಸ್ಥಿರವಾಗಿ ಬಾಳಲಾರದೆಂದು ತೋರಿಸಿದರು. ಇಂದಿನ ಅಂಕಿಗಳಿಂದ ಈ ವಾದದ ತಿರುಳನ್ನು ಯಾರಾದರೂ ಪರಿಶೀಲಿಸಬಹುದು. 36 ವರ್ಷಗಳ ಪ್ರದಕ್ಷಿಣೆಗೆ ಆ ಕಾಯ ತನ್ನ ನಕ್ಷತ್ರದಿಂದ ಭೂಮಿ-ಸೂರ್ಯರ ಅಂತರದ ಹತ್ತೂವರೆ ಪಟ್ಟು ದೂರದಲ್ಲಿರಬೇಕಾಗುತ್ತದೆ. 88 ವರ್ಷಗಳಿಗೊಮ್ಮೆ ಎರಡನೆಯ ನಕ್ಷತ್ರ ಸಮೀಪಿಸುವಾಗ ಹನ್ನೊಂದೂವರೆ ಪಟ್ಟಿನಷ್ಟು ಹತ್ತಿರಕ್ಕೇ ಬಂದುಬಿಡುತ್ತದೆ. ಸೂರ್ಯನಿಗೆ ಸಮಾನವೆನ್ನಬಹುದಾದ ನಕ್ಷತ್ರವೊಂದು ಹೀಗೆ ಹೊಸ್ತಿಲಿಗೇ ಬಂದು ಹೋಗುತ್ತಿದ್ದರೆ ಗ್ರಹ ತನ್ನ ಕಕ್ಷೆಯಲ್ಲಿ ನಿಲ್ಲುವುದು ಅಸಾಧ್ಯ. ಸೀ ಅವರು ಕೆರಳಿ ಪತ್ರಿಕೆಗೆ ಉಗ್ರವಾದ ಪತ್ರ ಬರೆದರು. ಸಂಪಾದಕರು ಅದರ ಒಂದು ಭಾಗವನ್ನಷ್ಟೇ ಅಚ್ಚು ಮಾಡಿ, ಮುಂದೆ ಅವರಿಗೆ ಪತ್ರಿಕೆಯ ಬಾಗಿಲನ್ನು ಬಹುಮಟ್ಟಿಗೆ ಮುಚ್ಚಿದರು. 1962ರವರೆಗೆ ಬದುಕಿದ್ದ ಅವರು ವಿಜ್ಞಾನಲೋಕದ ಅಂಚಿನಲ್ಲಿಯೇ ಉಳಿದುಬಿಟ್ಟರು. ಜೇಕಬ್ ಮತ್ತು ಸೀ ಅವರಿಬ್ಬರ ಹೆಸರುಗಳನ್ನು ಒಂದೇ ಉಸಿರಿನಲ್ಲಿ ಹೇಳುವ ಪದ್ಧತಿ ಇದೆ. ಇಬ್ಬರೂ ಎಡವಿದ್ದು ಒಂದೇ ಕಲ್ಲಿಗಾದರೂ, ಪರೀಕ್ಷೆಗೆ ಒಡ್ಡಿದ ಊಹೆಗೂ ಪರೀಕ್ಷೆಯನ್ನು ಸಹಿಸದ ಸಮರ್ಥನೆಗೂ ಇರುವ ಭೇದವನ್ನು ಇತಿಹಾಸಕಾರ ಅಳಿಸಬಾರದು.

ಅಷ್ಟಾದರೂ ಈ ಗ್ರಹ ಸುಲಭವಾಗಿ ಸಾಯಲಿಲ್ಲ. 1943ರಲ್ಲಿ ರಾಯ್ಲ್ ಮತ್ತು ಹೋಲ್ಮ್‌ಬರ್ಗ್ ಅವರು ಛಾಯಾಫಲಕಗಳ ಆಧಾರದ ಮೇಲೆ, ಗುರುಗ್ರಹದ ಸುಮಾರು ಹತ್ತುಪಟ್ಟು ತೂಕದ ಸಂಗಾತಿಯೊಂದು 17 ವರ್ಷಗಳ ಅವಧಿಯಲ್ಲಿ ಇಲ್ಲಿ ಸುತ್ತುತ್ತಿದೆಯೆಂದರು. ಅದೂ ನಿಲ್ಲಲಿಲ್ಲ. ಇದಕ್ಕಿಂತ ಹೆಚ್ಚು ಪ್ರಸಿದ್ಧವಾದ ಪ್ರಕರಣ ನಡೆದದ್ದು ಅದೇ ಉರಗಧರ ರಾಶಿಯ ಮತ್ತೊಂದು ತಾರೆಯ ವಿಚಾರದಲ್ಲಿ ಎಂಬುದು ಒಂದು ಕುತೂಹಲ. ಆರು ಜ್ಯೋತಿರ್ವರ್ಷ ದೂರದ ಬರ್ನಾರ್ಡ್ ನಕ್ಷತ್ರ ಬರಿಗಣ್ಣಿಗೆ ಕಾಣದ ಕೆಂಪು ಕುಬ್ಜ. ಆಕಾಶದಲ್ಲಿ ಅತಿ ವೇಗವಾಗಿ ಸ್ಥಳ ಬದಲಿಸುವ ನಕ್ಷತ್ರವೆಂದು ಇದು 1916ರಿಂದ ಹೆಸರಾಗಿದೆ. ಅಮೆರಿಕದ ಸ್ಪ್ರೌಲ್ ವೀಕ್ಷಣಾಲಯದ ಪೀಟರ್ ವಾನ್ ಡಿ ಕಾಂಪ್ ಅವರು ಕಾಲು ಶತಮಾನದ ಕಾಲ ತೆಗೆದ ಎರಡು ಸಾವಿರಕ್ಕೂ ಹೆಚ್ಚಿನ ಛಾಯಾಫಲಕಗಳನ್ನು ಅಳೆದು, 1963ರಲ್ಲಿ ಈ ತಾರೆಗೆ ಗುರುವಿಗಿಂತ ದೊಡ್ಡದಾದ ಗ್ರಹವಿದೆಯೆಂದು ಘೋಷಿಸಿದರು. ಫಲಕಗಳ ಮೇಲೆ ಈ ಓಲಾಟ ಮಿಲಿಮೀಟರಿನ ಸಾವಿರದಲ್ಲೊಂದು ಭಾಗದಷ್ಟಿತ್ತು. ಒಂದು ದಶಕ ಪಠ್ಯಪುಸ್ತಕಗಳಲ್ಲಿಯೂ ಮೆರೆದ ಈ ಗ್ರಹವನ್ನು 1973ರಲ್ಲಿ ಗೇಟ್‌ವುಡ್ ಮತ್ತು ಐಕ್‌ಹಾರ್ನ್ ಅವರು ಬೇರೆ ವೀಕ್ಷಣಾಲಯಗಳ ಫಲಕಗಳಲ್ಲಿ ಹುಡುಕಿದಾಗ ಓಲಾಟವೇ ಸಿಗಲಿಲ್ಲ. ಅದೇ ವರ್ಷ ಸ್ಪ್ರೌಲಿನವರೇ ಆದ ಜಾನ್ ಹರ್ಷಿ ಅವರು ಅದೇ ದೂರದರ್ಶಕದ ಫಲಕಗಳಲ್ಲಿ ಮತ್ತೊಂದು ನಕ್ಷತ್ರವೂ ಹೀಗೆಯೇ ಜಿಗಿಯುತ್ತಿರುವುದನ್ನು ಕಂಡರು. ಈ ಜಿಗಿತಗಳು 1949ರಲ್ಲಿ ಮಸೂರದ ಚೌಕಟ್ಟನ್ನು ಬದಲಿಸಿದಂತಹ ಕಾಲಗಳಿಗೆ ತಾಳೆಯಾಗುತ್ತಿದ್ದವು. ಓಲಾಡಿದ್ದು ಆಕಾಶದ ತಾರೆಯಲ್ಲ, ನೆಲದ ಮಸೂರ! ವಾನ್ ಡಿ ಕಾಂಪ್ ಅವರು ಇದನ್ನು ಕೊನೆಯವರೆಗೂ ಒಪ್ಪಲಿಲ್ಲ. ಅವರು ತೀರಿಕೊಂಡದ್ದು 1995ರ ಮೇ ತಿಂಗಳಿನಲ್ಲಿ, 51 ಪೆಗಾಸಿಯ ವಾರ್ತೆ ಬರುವುದಕ್ಕೆ ಐದು ತಿಂಗಳ ಮೊದಲು.

ಮದರಾಸು ಮತ್ತು ಸ್ಪ್ರೌಲ್ ಪ್ರಕರಣಗಳ ನಡುವೆ ನೂರು ವರ್ಷಗಳಿಗೂ ಹೆಚ್ಚಿನ ಅಂತರವಿದೆ. ಕಣ್ಣಿನ ಜಾಗಕ್ಕೆ ಛಾಯಾಫಲಕ ಬಂದಿತ್ತು. ಆದರೂ ರೋಗ ಒಂದೇ: ಅಳತೆಯ ಮಿತಿಗೆ ತಾಗಿಕೊಂಡಿರುವ ಸಂಕೇತವನ್ನು ಅಳೆಯುವ ಸಾಧನದ ಸ್ವಭಾವದಿಂದ ಬೇರ್ಪಡಿಸಲಾಗದಿರುವುದು. ಹೊರಬರುವ ದಾರಿಯನ್ನು ತೋರಿಸಿದ್ದು ಬೇರೆಯದೇ ತಂತ್ರ. ನಕ್ಷತ್ರ ಪಕ್ಕಕ್ಕೆ ಎಷ್ಟು ಸರಿಯಿತೆಂದು ನೋಡುವ ಬದಲು, ಅದರ ಬೆಳಕಿನ ರೋಹಿತರೇಖೆಗಳ ಪಲ್ಲಟದಿಂದ ಅದು ನಮ್ಮತ್ತ ಬರುವ ಹಾಗೂ ನಮ್ಮಿಂದ ದೂರ ಸರಿಯುವ ವೇಗವನ್ನು ಅಳೆಯುವುದು. ಈ ತಂತ್ರದಿಂದ ಬರ್ನಾರ್ಡ್ ನಕ್ಷತ್ರಕ್ಕೂ ಕೊನೆಗೆ ಗ್ರಹಗಳು ಸಿಕ್ಕಿವೆ. 2018ರಲ್ಲಿ ಪ್ರಕಟವಾದ ಒಂದು ಗ್ರಹ ಮರುಪರೀಕ್ಷೆಯಲ್ಲಿ ಬಿದ್ದುಹೋಯಿತಾದರೂ, 2024ರ ಅಕ್ಟೋಬರಿನಲ್ಲಿ 3.15 ದಿನಗಳ ಅವಧಿಯ ಗ್ರಹವೊಂದು ಪ್ರಕಟವಾಯಿತು. 2025ರ ಮಾರ್ಚಿನಲ್ಲಿ ಹವಾಯಿಯ ಜೆಮಿನಿ ದೂರದರ್ಶಕದ ವೀಕ್ಷಣೆಗಳೂ ಸೇರಿ ಒಟ್ಟು ನಾಲ್ಕು ಗ್ರಹಗಳಿರುವುದು ಖಚಿತಪಟ್ಟಿತು. ಎಲ್ಲವೂ ಭೂಮಿಗಿಂತ ಹಗುರ, ಎಲ್ಲದರ ವರ್ಷವೂ ಒಂದು ವಾರದೊಳಗೆ ಮುಗಿಯುವಂತಹದು. ಇವುಗಳ ಸೆಳೆತಕ್ಕೆ ನಕ್ಷತ್ರ ಅಲುಗುವ ವೇಗ ಸೆಕೆಂಡಿಗೆ ಹೆಚ್ಚೆಂದರೆ ಅರ್ಧ ಮೀಟರಿನ ಆಸುಪಾಸು, ಅಂಬೆಗಾಲಿಡುವ ಮಗುವಿನ ವೇಗ. ವಾನ್ ಡಿ ಕಾಂಪ್ ಅವರು ವರ್ಣಿಸಿದ ದೈತ್ಯಗ್ರಹಕ್ಕೂ ಇವುಗಳಿಗೂ ಯಾವ ಸಂಬಂಧವೂ ಇಲ್ಲ. ಆದ್ದರಿಂದ ಅವರ ಮಾತು ಕೊನೆಗೂ ನಿಜವಾಯಿತೆನ್ನುವುದು ಸರಿಯಲ್ಲ.

ಇದೇ ಮಾತು ಮದರಾಸಿಗೂ ಅನ್ವಯಿಸುತ್ತದೆ. ಸೌರೇತರ ಗ್ರಹವನ್ನು ಮೊದಲು ಕಂಡದ್ದು ಭಾರತದಲ್ಲಿ ಎಂದು ಬರೆಯುವ ಪ್ರಲೋಭನೆ ಸಹಜವಾದರೂ ಅದಕ್ಕೆ ಆಧಾರವಿಲ್ಲ. ಮದರಾಸು ವೀಕ್ಷಣಾಲಯದ ಬಗೆಗೆ ಹೆಮ್ಮೆಪಡಲು ಗಟ್ಟಿಯಾದ ಕಾರಣಗಳು ಬೇರೆ ಇವೆ. ಅವುಗಳಲ್ಲಿ ಒಂದು, ನಿರ್ದೇಶಕರ ಹೆಸರಿನ ಹಿಂದೆ ಮರೆಯಾದ ಭಾರತೀಯ ಸಹಾಯಕರ ದುಡಿಮೆ. ಜೇಕಬ್ ಅವರ ಕಾಲದಲ್ಲಿಯೇ ಅಲ್ಲಿ ಕೆಲಸದಲ್ಲಿದ್ದ ಚಿಂತಾಮಣಿ ರಘುನಾಥಾಚಾರಿ ಅವರು ಮುಂದೆ ನಾರ್ಮನ್ ಪಾಗ್ಸನ್ ಅವರ ಅವಧಿಯಲ್ಲಿ ಮೊದಲ ಸಹಾಯಕರಾಗಿ, 1867ರಲ್ಲಿ ಆರ್ ರೆಟಿಕ್ಯುಲಿ ಎಂಬ ಚರಕಾಂತಿ ನಕ್ಷತ್ರವನ್ನು ಗುರುತಿಸಿದರು. 1874ರ ಡಿಸೆಂಬರ್ 9ರ ಶುಕ್ರಸಂಕ್ರಮವನ್ನು ಜನಸಾಮಾನ್ಯರಿಗೂ ಪಂಚಾಂಗಕರ್ತರಿಗೂ ತಿಳಿಯಹೇಳಲು ಅವರು ಸಂವಾದರೂಪದಲ್ಲಿ ಬರೆದ ಪುಸ್ತಿಕೆ ಕನ್ನಡದಲ್ಲಿಯೂ ಅಚ್ಚಾಗಿದೆ. ಕಣ್ಣಾರೆ ಕಂಡದ್ದಕ್ಕೆ ಗಣಿತ ಹೊಂದಬೇಕೆಂಬ ದೃಗ್ಗಣಿತದ ಪಕ್ಷಪಾತಿಗಳಾಗಿದ್ದ ಅವರ ಈ ಬರಹಕ್ಕೆ ಇಂದು ಮತ್ತೊಂದು ಮಹತ್ವ ಬಂದಿದೆ. ಗ್ರಹವೊಂದು ತನ್ನ ನಕ್ಷತ್ರದ ಮುಖವನ್ನು ದಾಟುವಾಗ ನಕ್ಷತ್ರದ ಬೆಳಕು ಕಿಂಚಿತ್ತು ಕುಂದುವುದನ್ನು ಅಳೆಯುವ ಸಂಕ್ರಮ ವಿಧಾನದಿಂದಲೇ ಇಂದು ತಿಳಿದಿರುವ ಸೌರೇತರ ಗ್ರಹಗಳಲ್ಲಿ ಬಹುಪಾಲು ಪತ್ತೆಯಾಗಿರುವುದು. ಆ ಸಂಕ್ರಮವೆಂದರೇನೆಂಬುದನ್ನು ಕನ್ನಡ ಓದುಗರು 1874ರಷ್ಟು ಹಿಂದೆಯೇ ತಮ್ಮ ಭಾಷೆಯಲ್ಲಿ ಓದಬಹುದಾಗಿತ್ತು.

ಮದರಾಸಿನ ಖಗೋಳವೀಕ್ಷಣೆಯ ಪರಂಪರೆ 1899ರಲ್ಲಿ ಕೊಡೈಕೆನಾಲಿಗೆ ಸಾಗಿತು. 1971ರಲ್ಲಿ ಅದು ಭಾರತೀಯ ಖಭೌತ ವಿಜ್ಞಾನ ಸಂಸ್ಥೆಯಾಗಿ ರೂಪುಗೊಂಡಿತು. ಅದರ ಕೇಂದ್ರ ಬೆಂಗಳೂರಿನ ಕೋರಮಂಗಲದಲ್ಲಿದೆ. ಈ ಸಂಸ್ಥೆಯ ಎರಡು ಮೀಟರ್ ವ್ಯಾಸದ ಹಿಮಾಲಯನ್ ಚಂದ್ರ ದೂರದರ್ಶಕ ಲಡಾಖಿನ ಹಾನ್ಲೆಯಲ್ಲಿ, ಸಮುದ್ರಮಟ್ಟದಿಂದ ಸುಮಾರು 4500 ಮೀಟರ್ ಎತ್ತರದಲ್ಲಿದೆ. ಅದನ್ನು ಉಪಗ್ರಹ ಸಂಪರ್ಕದ ಮೂಲಕ ನಡೆಸುವ ಕೊಠಡಿಯಿರುವುದು ಹೊಸಕೋಟೆಯಲ್ಲಿ. ನಲವತ್ತು ಜ್ಯೋತಿರ್ವರ್ಷ ದೂರದ ಟ್ರಾಪಿಸ್ಟ್-1 ಎಂಬ ಪುಟ್ಟ ನಕ್ಷತ್ರದ ಸುತ್ತ ಭೂಮಿಯಷ್ಟೇ ಗಾತ್ರದ ಮೂರು ಗ್ರಹಗಳಿವೆಯೆಂದು ಬೆಲ್ಜಿಯಂನ ಮಿಖಾಯೆಲ್ ಗಿಲ್ಲೋನ್ ಅವರ ತಂಡ 2016ರಲ್ಲಿ ಪ್ರಕಟಿಸಿದಾಗ, ಸಂಕ್ರಮಗಳನ್ನು ದೃಢಪಡಿಸಿದ ದೂರದರ್ಶಕಗಳಲ್ಲಿ ಹಾನ್ಲೆಯದೂ ಒಂದಾಗಿತ್ತು. ಮರುವರ್ಷ ಆ ಗ್ರಹಗಳ ಸಂಖ್ಯೆ ಏಳಕ್ಕೇರಿತು. ಸ್ಪ್ರೌಲಿನ ಫಲಕಗಳಿಗೆ 1973ರವರೆಗೆ ಒದಗದಿದ್ದ, ಮದರಾಸಿನ ಅಂಕಿಗಳಿಗೆ ಜೇಕಬ್ ಅವರ ಜೀವಿತದಲ್ಲಿ ಒದಗದೇ ಹೋದ ತಾಳೆ ನೋಡುವ ವ್ಯವಸ್ಥೆ ಇಲ್ಲಿ ಶೋಧದ ಭಾಗವೇ ಆಗಿತ್ತು.

ಉರಗಧರ 70ನ್ನು ಖಗೋಳವಿದರು ಮರೆತಿಲ್ಲ. ಟೆಕ್ಸಾಸಿನ ಮ್ಯಾಕ್‌ಡೊನಾಲ್ಡ್ ವೀಕ್ಷಣಾಲಯದ ತಂಡ 2006ರಲ್ಲಿ ಪ್ರಕಟಿಸಿದ ದೀರ್ಘಕಾಲದ ವೇಗಮಾಪನದ ಪ್ರಕಾರ, ನಕ್ಷತ್ರದಿಂದ ಭೂಮಿ-ಸೂರ್ಯರ ಅಂತರದ ಐದು ಪಟ್ಟಿನವರೆಗಿನ ವಲಯದಲ್ಲಿ ಗುರುವಿನಂತಹ ದೈತ್ಯಗ್ರಹಗಳಿಲ್ಲ. ಭೂಮಿಯಂತಹ ಪುಟ್ಟ ಗ್ರಹಗಳಿರುವ ಸಾಧ್ಯತೆಯನ್ನು ಆ ಅಳತೆಗಳು ಅಲ್ಲಗಳೆಯುವುದಿಲ್ಲ. ಹರ್ಷೆಲ್ ಅವರು ಮೊದಲು ಕಂಡಂದಿನಿಂದ ಲೆಕ್ಕಹಾಕಿದರೆ, ಈ ಜೋಡಿ ತನ್ನ ಮೂರನೆಯ ಸುತ್ತನ್ನು ಪೂರೈಸುವುದು 2040ರ ದಶಕದಲ್ಲಿ.